ಗೇಟಿನ ಈಚೆ ನಿಂತ ಕ್ಯಾಮೆರಾ

ಬೆಳಗಿನ ಆರು ಗಂಟೆಗೆ ಇನ್ನೂ ಸ್ವಲ್ಪ ಹೊತ್ತಿದೆ. ಕುಟ್ಟದ ಕಡೆಗೆ ಹೋಗುವ ರಸ್ತೆಯ ಬದಿಯಲ್ಲಿ, ಒಂದು ಮೋರಿಕಟ್ಟೆಯ ಎದುರು, ಪುಟ್ಟರಾಜು ಕ್ಯಾಮೆರಾದ ಸ್ಟ್ಯಾಂಡ್ ಬಿಡಿಸಿ ನಿಲ್ಲಿಸುತ್ತಿದ್ದಾರೆ. ಮಂಜಿನಲ್ಲಿ ಸಿಲ್ವರ್ ಓಕ್ ಮರಗಳ ಬುಡ ಕಾಣುತ್ತದೆ, ತುದಿ ಕಾಣುವುದಿಲ್ಲ. ರಸ್ತೆಯ ಆಚೆ ಬದಿಗೆ ಒಂದು ದೊಡ್ಡ ಕಾಫಿ ಎಸ್ಟೇಟಿನ ಕಬ್ಬಿಣದ ಗೇಟು. ಗೇಟಿಗೂ ಕ್ಯಾಮೆರಾಕ್ಕೂ ನಡುವೆ ಇರುವುದು ಡಾಂಬರು ರಸ್ತೆ ಮಾತ್ರ. ಆ ರಸ್ತೆ ದಾಟಿ ಪುಟ್ಟರಾಜು ಆಚೆಗೆ ಹೆಜ್ಜೆ ಇಡುವುದಿಲ್ಲ. ಎರಡು ವರ್ಷದಿಂದ ಇಟ್ಟಿಲ್ಲ.

ಲೆನ್ಸಿನ ಮೇಲೆ ಇಬ್ಬನಿ ಕೂರುತ್ತದೆ. ಹೆಂಡತಿ ರವಿಕೆ ಹೊಲಿದು ಉಳಿಸಿದ ಲೈನಿಂಗ್ ಬಟ್ಟೆಯ ತುಂಡಿನಿಂದ ಒರೆಸುತ್ತಾರೆ. ಮತ್ತೆ ಕೂರುತ್ತದೆ, ಮತ್ತೆ ಒರೆಸುತ್ತಾರೆ. ಜಪಕ್ಕೆ ಕೂತವರ ಬೆರಳಿನ ಹಾಗೆ ಕೈ ತನ್ನ ಪಾಡಿಗೆ ತಾನು ಆಡುತ್ತಿದೆ. ಕಣ್ಣು ಮಾತ್ರ ಗೇಟಿನ ಮೇಲಿದೆ.

ಹಾಲಿನ ಕ್ಯಾನ್ ಕಟ್ಟಿಕೊಂಡು ಬೈಕಿನಲ್ಲಿ ಬಂದವರೊಬ್ಬರು ಅವರನ್ನು ಕಂಡು ನಿಧಾನಿಸುತ್ತಾರೆ. "ಎಂತ ಮಾರಾಯ, ಆನೆ ತೆಗೀಲಿಕ್ಕಾ? ನಿನ್ನೆ ಸಂಜೆ ಆ ತಿರುವಲ್ಲೇ ನಿಂತಿತ್ತು."

"ಆನೆ ಅಲ್ಲಣ್ಣ, ಜನ."

"ಜನರನ್ನ ಯಾರು ನೋಡ್ತಾರೆ? ಆನೆ ತೆಗಿ. ಮೊಬೈಲಲ್ಲಿ ಲಕ್ಷ ಜನ ನೋಡ್ತಾರೆ," ಎಂದು ಉಪದೇಶ ಕೊಟ್ಟು ಬೈಕು ಮಂಜಿನೊಳಗೆ ಹೋಗುತ್ತದೆ. ಪುಟ್ಟರಾಜು ನಗುತ್ತಾರೆ. ಈ ಮಾತು ಅವರಿಗೆ ಹೊಸದಲ್ಲ.

ಇವತ್ತು ಅವರು ಕಾಯುತ್ತಿರುವುದು ಮುತ್ತಿಯವರಿಗಾಗಿ. ಈ ಎಸ್ಟೇಟಿನ ಲೈನಿನಲ್ಲಿ, ಅಂದರೆ ಕೂಲಿಯವರಿಗೆಂದು ಕಟ್ಟಿದ ಸಾಲುಮನೆಯ ಒಂದು ಕೋಣೆಯಲ್ಲಿ, ಮದುವೆಯಾಗಿ ಬಂದ ಕಾಲದಿಂದಲೂ ಇರುವ ಹೆಂಗಸು ಅವರು. ಪುಟ್ಟರಾಜು ತೆಗೆಯುತ್ತಿರುವ ಹೊಸ ಸಾಕ್ಷ್ಯಚಿತ್ರದ ಜೀವ ಇರುವುದು ಮುತ್ತಿಯವರ ಮಾತಿನಲ್ಲಿ. ಆ ಮಾತು ಚಿತ್ರದಲ್ಲಿ ಇರಲೋ ಬೇಡವೋ ಎಂದು ಅವರು ಇವತ್ತು ಹೇಳುತ್ತೇನೆ ಎಂದಿದ್ದಾರೆ. ಬೇಡವೆಂದರೆ ಎರಡು ವರ್ಷದ ದುಡಿಮೆಯಲ್ಲಿ ಉಳಿಯುವುದು ಮಂಜು, ರಸ್ತೆ, ಜೀಪು. ಬೇಕೆಂದರೆ ಮುತ್ತಿಯವರ ತಲೆಯ ಮೇಲಿನ ಸೂರು ಉಳಿದೀತೇ ಎಂಬುದನ್ನು ಯಾರೂ ಹೇಳಲಾರರು.

ಮುತ್ತಿಯವರು ಏನು ಹೇಳಲಿ ಎಂದು ನಿಮ್ಮ ಆಸೆ, ಎಂದು ಕೇಳಿದರೆ ಪುಟ್ಟರಾಜು ತಲೆ ಅಲ್ಲಾಡಿಸುತ್ತಾರೆ. "ಅದನ್ನ ನಾನು ಯೋಚ್ನೆ ಮಾಡ್ಬಾರ್ದು. ಮಾಡಿದ್ರೆ ಮುಖದಲ್ಲಿ ಕಾಣ್ತದೆ. ಆಮೇಲೆ ಅವ್ರು ನನ್ನ ಮುಖ ನೋಡಿ ಹೇಳ್ಬಿಡ್ತಾರೆ."

*

ನಲವತ್ತಾರರ ಪುಟ್ಟರಾಜು ಕುಶಾಲನಗರದ ಪಕ್ಕದ ಕೂಡಿಗೆ ಕಡೆಯವರು. ತಂದೆ ಸಣ್ಣಸ್ವಾಮಿ ಅರಕಲಗೂಡು ಕಡೆಯಿಂದ ಬಂದು ಇಲ್ಲಿ ಗುತ್ತಿಗೆ ನೆಲದಲ್ಲಿ ಬೇಸಾಯ ಹಿಡಿದವರು. ಓದುಬರಹ ಅಷ್ಟಕ್ಕಷ್ಟೆ. ಆದರೆ ಶ್ರಾವಣ ಬಂತೆಂದರೆ ಊರಿನ ರಾಮಮಂದಿರದ ಭಾರತ ವಾಚನವನ್ನು ಒಂದು ಸಂಜೆಯೂ ತಪ್ಪಿಸುತ್ತಿರಲಿಲ್ಲ. ಮಗನನ್ನೂ ಪಕ್ಕದಲ್ಲಿ ಕೂರಿಸಿಕೊಳ್ಳುತ್ತಿದ್ದರು. ರಾಗವಾಗಿ ಪದ್ಯ ಓದುವವರು ಒಬ್ಬರು, ಅರ್ಥ ಹೇಳುವವರು ಇನ್ನೊಬ್ಬರು. ಮಿಕ್ಕವರಿಗೆ ಏನು ಕೆಲಸ ಎಂದು ಹುಡುಗ ಒಮ್ಮೆ ಕೇಳಿದ್ದನಂತೆ. "ಕೇಳಾದು ಕಣ್ಲಾ. ಕೇಳೋರಿಲ್ದಿದ್ರೆ ಅವ್ರು ಗ್ವಾಡೆಗೆ ಓದ್ಬೇಕಾ?" ಎಂದರಂತೆ ಸಣ್ಣಸ್ವಾಮಿ.

ಆ ಮಾತು ಮಗನ ಕಿವಿಯಲ್ಲಿ ಕೂತುಬಿಟ್ಟಿತು. ಪುಟ್ಟರಾಜು ಅವರ ಚಿತ್ರಗಳಲ್ಲಿ ಹಿನ್ನೆಲೆಯಿಂದ ವಿವರಣೆ ಕೊಡುವ ಗಂಭೀರ ದನಿ ಇಲ್ಲ, ಅಂಕಿಅಂಶ ಇಲ್ಲ, ಕರುಳು ಹಿಂಡುವ ಪಿಟೀಲೂ ಇಲ್ಲ. "ಅರ್ಥ ಹೇಳೋಕೆ ಟೀವೀಲಿ ಬೇಕಾದಷ್ಟು ಜನ ಅವ್ರೆ. ನಾನು ಪದ್ಯ ಓದೋರ ಹತ್ರ ಮೈಕ್ ಹಿಡೀತೀನಿ," ಎನ್ನುತ್ತಾರೆ. ಮಾತಾಡಿಸುವಾಗ ಅವರು ನೆಲದ ಮೇಲೆ ಕೂರುತ್ತಾರೆ, ಮಾತಾಡುವವರಿಗಿಂತ ಒಂದು ಗೇಣು ಕೆಳಗೆ. ಒಂದು ಪ್ರಶ್ನೆ ಕೇಳಿ ಸುಮ್ಮನಾಗುತ್ತಾರೆ. ಎರಡನೆಯದನ್ನು ಕೇಳುವುದು ಕಡಿಮೆ.

"ಕೇಳಿದ್ರೆ ಜನ ಉತ್ರ ಕೊಡ್ತಾರೆ. ಸುಮ್ನೆ ಕೂತ್ರೆ ಮಾತಾಡ್ತಾರೆ."

ಹೊಟ್ಟೆಪಾಡಿಗೆ ಮದುವೆ ವಿಡಿಯೋ. ಕುಶಾಲನಗರದ ಮುಖ್ಯರಸ್ತೆಯಿಂದ ಒಳಗೆ ಒಂದು ಸಣ್ಣ ಸ್ಟುಡಿಯೋ. ಅದರ ಮುಂಭಾಗದಲ್ಲಿ ಹೆಂಡತಿ ವೀಣಾ ಅವರ ಟೈಲರಿಂಗ್. ಒಂದೇ ಬಾಗಿಲು, ಒಂದೇ ಬೋರ್ಡು. ವರ್ಷದ ಒಂದು ಪಾಲು ಪುಟ್ಟರಾಜು ಕೊಡ್ಲಿಪೇಟೆಯಿಂದ ಕುಟ್ಟದವರೆಗೆ ಜಿಲ್ಲೆಯ ಎಲ್ಲಾ ಛತ್ರಗಳಲ್ಲೂ ವಧೂವರರ ಹಿಂದೆ ಓಡುತ್ತಾರೆ. ಗಳಿಸಿದ್ದನ್ನು ಇನ್ನೊಂದು ಪಾಲಿನಲ್ಲಿ ಪೆಟ್ರೋಲಿಗೂ ಬ್ಯಾಟರಿಗೂ ಹಾಕುತ್ತಾರೆ.

ವೀಣಾ ಹೊಲಿಗೆ ಯಂತ್ರದಿಂದ ತಲೆ ಎತ್ತದೆ ಹೇಳುತ್ತಾರೆ: "ಬೇರೆಯವ್ರ ಮದ್ವೇಲಿ 'ನಗಿ ಮೇಡಂ, ಸ್ವಲ್ಪ ನಗಿ' ಅಂತ ಬಾಯಿ ನೋವು ಬರೋಷ್ಟು ಮಾತಾಡ್ತಾರೆ. ಮನೆಗ್ ಬಂದ್ರೆ ಕೇಳ್ತಾ ಕೂರ್ತಾರೆ. ನಾನು ಬೈದ್ರೂ ಕೇಳ್ತಾರೆ. ಯಾವತ್ತು ಅದನ್ನೂ ರೆಕಾರ್ಡ್ ಮಾಡ್ಕಂಡ್ಬಿಡ್ತಾರೋ ಅಂತ ಭಯ ನಂಗೆ." ಹಾಗೆಂದರೂ, ಗಂಡ ಕುಟ್ಟಕ್ಕೆ ಹೊರಡುವ ರಾತ್ರಿ ಚಪಾತಿ ಕಟ್ಟಿಕೊಡುವವರೂ ಅವರೇ. ಕ್ಯಾಮೆರಾದ ಸಾಲ ಯಾರ ಹೆಸರಿನಲ್ಲಿದೆ ಎಂದು ಕೇಳಿದರೆ ಮಾತ್ರ ಇಬ್ಬರೂ ನಕ್ಕು ಬೇರೆ ಮಾತು ತೆಗೆಯುತ್ತಾರೆ.

ಮದುವೆ ತೆಗೆಯುವವರು ಈ ದಾರಿಗೆ ಹೇಗೆ ಬಂದರು? ಸಂಪಾಜೆ ಕಡೆ ಗುಡ್ಡ ಜಾರಿದ ವರ್ಷದ ಮಾತು. ಹಿಂದಿನ ಬೇಸಿಗೆಯಲ್ಲಿ ಆ ಕಡೆಯ ಒಂದು ಮನೆಯ ಮದುವೆಯನ್ನು ಪುಟ್ಟರಾಜು ತೆಗೆದಿದ್ದರು. ಮಳೆಗಾಲದಲ್ಲಿ ಆ ಮನೆ ಮಣ್ಣಿನೊಳಗೆ ಹೋಯಿತು, ಜನ ಉಳಿದರು. ನಿರಾಶ್ರಿತರ ಶಿಬಿರದಿಂದ ಮನೆಯ ಯಜಮಾನರು ಫೋನ್ ಮಾಡಿ ಕೇಳಿದ್ದು ಮದುವೆಯ ವಿಡಿಯೋವನ್ನಲ್ಲ. "ಅದರಲ್ಲಿ ಬರೀ ಹೆಣ್ಣು ಗಂಡು ಉಂಟು. ನೀವು ಕತ್ತರಿಸಿ ಬಿಸಾಡಿದ್ದು ಉಂಟಾ? ಅದರಲ್ಲಿ ನಮ್ಮ ಮನೆ ಇರಬಹುದು," ಎಂದರು.

ಇತ್ತು. ಅಡುಗೆಮನೆಯ ಬಾಗಿಲಲ್ಲಿ ವೀಳ್ಯದೆಲೆ ಒರೆಸುತ್ತ ಕೂತ ಅಜ್ಜಿ, ಹಿತ್ತಿಲಿನ ಬಚ್ಚಲು, ಅಂಗಳಕ್ಕೆ ಅಡ್ಡ ಬಂದ ಕರು. ಚೆಂದ ಬರಲಿಲ್ಲವೆಂದು ಬದಿಗಿಟ್ಟದ್ದೆಲ್ಲ ಕಂಪ್ಯೂಟರಿನಲ್ಲಿ ಹಾಗೇ ಇತ್ತು. ಶಿಬಿರದ ಶಾಲಾ ಕೊಠಡಿಯಲ್ಲಿ ಅದನ್ನು ತೋರಿಸಿದಾಗ ಆ ಮನೆಯವರು ಅಳಲಿಲ್ಲ. ಪರದೆಯ ಮೇಲೆ ಬೆರಳಿಟ್ಟು, ಇದು ನಮ್ಮ ನೀರಿನ ಹಂಡೆ, ಇದು ಅಪ್ಪ ಹಾಕಿದ ಮೆಟ್ಟಿಲು ಎಂದು ಒಂದೊಂದನ್ನೂ ಹೆಸರು ಹಿಡಿದು ಕರೆದರಂತೆ, ಸಹಸ್ರನಾಮ ಹೇಳಿದ ಹಾಗೆ. ಮನೆ ಕಳೆದುಕೊಂಡವರ ಬಗ್ಗೆ ಪುಟ್ಟರಾಜು ತೆಗೆದ ಮೊದಲ ಚಿತ್ರ ಹುಟ್ಟಿದ್ದು ಅಲ್ಲಿ. ಆಮೇಲೆ ಶುಂಠಿ ಬೆಳೆಗಾಗಿ ಗದ್ದೆಗಳನ್ನು ಗುತ್ತಿಗೆಗೆ ಕೊಟ್ಟ ರೈತರ ಕುರಿತು ಒಂದು. ಈಗಿನದು ಮೂರನೆಯದು: ಎಸ್ಟೇಟ್ ಲೈನುಗಳಲ್ಲಿ ಬದುಕು ಸವೆಸುವವರ ಚಿತ್ರ. ಅದಕ್ಕೆ ಅವರು ಇಟ್ಟ ಹೆಸರು 'ಗೇಟಿನ ಈಚೆ'.

ಹೆಸರಿನಲ್ಲೇ ಅವರ ಕೆಲಸದ ರೀತಿಯೂ ಇದೆ. ಲೈನು ಇರುವುದು ಎಸ್ಟೇಟಿನ ಒಳಗೆ. ಒಳಗೆ ಹೋಗಲು ಮಾಲೀಕರ ಅಪ್ಪಣೆ ಬೇಕು. ಕದ್ದು ಹೋಗಿ ತೆಗೆದವರಿದ್ದಾರೆ. ಆದರೆ ಅವರು ಹೋದ ಮೇಲೆ ಬೈಗುಳ ತಿಂದವರು ಕೂಲಿಯವರು. ಅದಕ್ಕೇ ಪುಟ್ಟರಾಜು ಒಳಗೆ ಹೋಗುವುದಿಲ್ಲ. ಸಂತೆಗೆ ಹೋಗುವ ದಾರಿ, ಜೀಪು ಕಾಯುವ ಕಟ್ಟೆ, ರೇಷನ್ ಅಂಗಡಿಯ ಸಾಲು, ಹೀಗೆ ಸರ್ಕಾರಿ ರಸ್ತೆಯ ಮೇಲೆ ಸಿಕ್ಕಷ್ಟೇ ಅವರ ಚಿತ್ರ.

ಇನ್ನೊಂದು ನೇಮವಿದೆ. ಚಿತ್ರ ಮುಗಿದ ಮೇಲೆ ಅದನ್ನು ಮೊದಲು ನೋಡುವವರು ಅದರೊಳಗೆ ಇರುವವರೇ. ಎಲ್ಲೋ ಒಂದು ಕಡೆ ಬಿಳಿ ಬೆಡ್‌ಶೀಟು ಕಟ್ಟಿ ತೋರಿಸುತ್ತಾರೆ. ಯಾರಾದರೂ "ನಂದು ತೆಗಿ" ಅಂದರೆ ಏಕೆ ಎಂದು ಕೇಳದೆ ಚಿತ್ರದಿಂದ ತೆಗೆದುಹಾಕುತ್ತಾರೆ. ಶುಂಠಿಯ ಚಿತ್ರದಲ್ಲಿ ಅತ್ಯಂತ ಚೆನ್ನಾಗಿ ಮಾತಾಡಿದ ರೈತರೊಬ್ಬರು ಹೀಗೇ ಪೂರ್ತಿ ಮಾಯವಾದರು.

ಈ ನೇಮ ಬಂದದ್ದು ಯಾವ ಸಿನಿಮಾ ಶಾಲೆಯಿಂದಲೂ ಅಲ್ಲ, ಮದುವೆ ಮನೆಯಿಂದ. ಅಲ್ಲಿ ವಿಡಿಯೋ ಕೈಗೆ ಕೊಡುವ ಮೊದಲು ಮನೆಯವರೆಲ್ಲ ಕೂತು ನೋಡುತ್ತಾರೆ. ಅತ್ತೆ ಬಾಯಿ ಆಕಳಿಸಿದ್ದು, ಮಾವ ಎರಡನೇ ಸಲ ಪಂಕ್ತಿಗೆ ಕೂತದ್ದು, ಎಲ್ಲಕ್ಕೂ ಕತ್ತರಿ ಬೀಳುತ್ತದೆ. "ಮದ್ವೆಯೋರಿಗೆ ತೋರಿಸ್ದೆ ಕೊಟ್ರೆ ಅಂಗಡಿಗೆ ಬಂದು ಹೊಡೀತಾರೆ. ಕೂಲಿಯೋರಿಗೆ ತೋರಿಸ್ದಿದ್ರೆ ಯಾರೂ ಹೊಡ್ಯಲ್ಲ," ಎನ್ನುವ ಪುಟ್ಟರಾಜು, ಸ್ವಲ್ಪ ತಡೆದು ಸೇರಿಸುತ್ತಾರೆ: "ಅದ್ಕೇ ತೋರಿಸ್ಬೇಕು."

*

ತೊಡಕು ಶುರುವಾದದ್ದು ಹೋದ ಭಾನುವಾರ, ಈ ನೇಮದಿಂದಲೇ.

ಮುತ್ತಿಯವರು ಈ ಮೋರಿಕಟ್ಟೆಯ ಮೇಲೆ ಕೂತು ಮಾತಾಡಿದ್ದು ಹಿಂದಿನ ವರ್ಷದ ಪಿಕ್ಕಿಂಗ್ ಸಮಯದಲ್ಲಿ, ಅಂದರೆ ಕಾಫಿ ಹಣ್ಣು ಕುಯ್ಯುವ ಕಾಲದಲ್ಲಿ. ಮುಖ ತೋರಿಸುವುದಿಲ್ಲ ಎಂಬ ಮಾತಿನ ಮೇಲೆ ಕೂತಿದ್ದರು. ಪುಟ್ಟರಾಜು ಕ್ಯಾಮೆರಾವನ್ನು ಬೆನ್ನ ಹಿಂದೆ ಇಟ್ಟು, ದನಿಯನ್ನೂ ಕಂಪ್ಯೂಟರಿನಲ್ಲಿ ಬದಲಿಸಿದ್ದರು. ಹೇಳಿದ ಮಾತು ದೊಡ್ಡದೇನಲ್ಲ, ಆದರೆ ಗೇಟಿನ ಒಳಗೆ ಯಾರೂ ಬಾಯಿಬಿಟ್ಟು ಹೇಳುವಂಥದ್ದೂ ಅಲ್ಲ. ಕೈ ಆಡುವವರೆಗೆ ಕೋಣೆ. ಕೈ ನಿಂತ ದಿನ ಕೋಣೆ ಬಿಡಬೇಕು. ತಮ್ಮದೇ ಒಂದು ಜಾಗ ಕೊಡಿ ಎಂದು ಸರ್ಕಾರಿ ಕಚೇರಿಯಲ್ಲಿ ಕೇಳಲು ಹೋದರೆ, ಈಗ ಎಲ್ಲಿದ್ದೀರೆಂದು ಎಸ್ಟೇಟಿನಿಂದ ಬರೆಸಿ ತನ್ನಿ ಎನ್ನುತ್ತಾರೆ. ಎಸ್ಟೇಟಿನವರು ಬರೆದು ಕೊಡುವುದಿಲ್ಲ. ಮುತ್ತಿಯವರ ಅತ್ತೆಗೆ ಸೊಂಟ ಬಿದ್ದಾಗ ಎಸ್ಟೇಟಿನವರು ಕೋಣೆ ವಾಪಸು ಕೇಳಿದ್ದರು. ಈಗ ಮುತ್ತಿಯವರಿಗೇ ಮೊಣಕಾಲು ನೋವು.

ಈ ಚಿತ್ರವನ್ನು ಭಾನುವಾರ ಸಂಜೆ ತೋರಿಸಿದ್ದು ಉತ್ತಯ್ಯ ಅವರ ಕಾಫಿ ಒಣಹಾಕುವ ಕಣದಲ್ಲಿ. ಉತ್ತಯ್ಯ ಪಕ್ಕದ ಸಣ್ಣ ತೋಟದ ಮಾಲೀಕರು. ಅವರ ಮಗಳ ಮದುವೆ ತೆಗೆದವರು ಪುಟ್ಟರಾಜು. ಕಣ ಕೇಳಿದಾಗ ಉತ್ತಯ್ಯ, "ತೋಟದವ್ರನ್ನ ಬೈಯ್ಯೋ ಪಿಚ್ಚರಿಗೆ ತೋಟದವನ ಕಣವೇ ಬೇಕಾ ನಿಂಗೆ? ಎಂತ ಧೈರ್ಯ ಮಾರಾಯ!" ಎಂದು ಕೂಗಾಡಿದ್ದರು. ಆದರೆ ಸಂಜೆಯ ಹೊತ್ತಿಗೆ, ಕಣದಲ್ಲಿ ಹರಡಿದ್ದ ಕಾಫಿಯನ್ನು ತಾವೇ ಒಂದು ಬದಿಗೆ ಗುಡ್ಡೆ ಹಾಕಿಸಿ, ಜನ ಕೂರಲು ಟಾರ್ಪಾಲು ಹಾಸಿ ಕಾದಿದ್ದರು.

ಲೈನಿನವರೆಲ್ಲ ಬಂದರು. ಸಂತೆ ಮುಗಿಸಿ, ಮಕ್ಕಳನ್ನು ಎತ್ತಿಕೊಂಡು, ಬೋಂಡದ ಪೊಟ್ಟಣ ಹಿಡಿದುಕೊಂಡು. ಮುತ್ತಿಯವರೂ ಮುಂದಿನ ಸಾಲಿನಲ್ಲಿ ಕೂತರು. ಚಿತ್ರ ಓಡಿತು. ರಸ್ತೆ ಬಂತು, ಜೀಪು ಬಂತು, ಆಮೇಲೆ ಬೆಡ್‌ಶೀಟಿನ ಮೇಲೆ ಮೋರಿಕಟ್ಟೆಯೂ ಒಂದು ಬೆನ್ನೂ ಮೂಡಿದವು. ಬೆನ್ನು ಇನ್ನೂ ಬಾಯಿ ತೆರೆದಿರಲಿಲ್ಲ.

"ಏ, ಮುತ್ತಿ!"

ಇಡೀ ಕಣವೇ ಕೂಗಿತು. ಮಕ್ಕಳು ಎದ್ದು ಕುಣಿದರು. "ಮುತ್ತಿಯಕ್ಕ, ನೀನು ಪಿಚ್ಚರಲ್ಲಿ!" ದನಿ ಬಂದಾಗ ಇನ್ನೂ ಮೋಜು. "ಇವಳ ಗಂಟಲಿಗೆ ಎಂತಾಯ್ತು? ಶೀತವಾ?" ಎಂದರು ಒಬ್ಬರು. "ಗಂಡು ದನಿ ಕಣೇ, ಮೀಸೆ ಬಂದಿರಬೇಕು," ಎಂದರು ಇನ್ನೊಬ್ಬರು.

ಪುಟ್ಟರಾಜು ಪಕ್ಕಕ್ಕೆ ಬಗ್ಗಿದರು. ಹೇಗೆ ಗುರುತು ಸಿಕ್ಕಿತು ಎಂದು ಪಕ್ಕದಲ್ಲಿದ್ದ ಬೋಜಮ್ಮ ಎಂಬುವರನ್ನು ಕೇಳಿದರು. ಅದೇ ಲೈನಿನ ಹೆಂಗಸು. ಅವರಿಗೆ ಪ್ರಶ್ನೆಯೇ ವಿಚಿತ್ರವಾಗಿ ಕಂಡಿತು.

"ಎಂತ ಹೇಳ್ತೀರಿ ಅಣ್ಣ? ಕುಯ್ಯುವಾಗ ಸಾಲಲ್ಲಿ ಮುತ್ತಿ ಯಾವಾಗ್ಲೂ ಮುಂದೆ. ಅವಳ ಕೈ ಜೋರು. ನಾವು ಹಿಂದೆ. ದಿನವಿಡೀ ನಾವು ನೋಡೋದು ಆ ಬೆನ್ನೇ ಅಲ್ವಾ? ಮುಖ ಆದ್ರೆ ಸ್ವಲ್ಪ ಯೋಚ್ನೆ ಮಾಡ್ಬೇಕಿತ್ತೇನೋ."

ಮದುವೆ ತೆಗೆಯುವವರ ಕಣ್ಣಿಗೆ ಮನುಷ್ಯನ ಗುರುತೆಂದರೆ ಮುಖ. ಕಾಫಿ ಕುಯ್ಯುವವರಿಗೆ ಗುರುತೆಂದರೆ ಮುಂದಿನ ಗಿಡದ ಹತ್ತಿರ ಬಗ್ಗಿದ ಬೆನ್ನು, ಸೊಂಟಕ್ಕೆ ಕಟ್ಟಿದ ಚೀಲ, ತಲೆಬಟ್ಟೆಯ ಗಂಟು. ಹೀಗೆ, ಮುಚ್ಚಬೇಕಾದ್ದನ್ನು ಬಿಟ್ಟು ಮುಚ್ಚದಿದ್ದರೂ ನಡೆಯುವುದನ್ನು ಪುಟ್ಟರಾಜು ಮುಚ್ಚಿದ್ದರು.

ಅಷ್ಟಕ್ಕೇ ನಿಂತಿದ್ದರೆ ನಗುವಿನಲ್ಲೇ ಮುಗಿಯುತ್ತಿತ್ತು. ಆದರೆ ಕಾಫಿ ಗುಡ್ಡೆಯ ಹಿಂದೆ ಜಯಪ್ಪ ನಿಂತಿದ್ದರು. ಜಯಪ್ಪ ಆ ಎಸ್ಟೇಟಿನ ರೈಟರ್. ಹಾಜರಿ ಹಾಕುವುದು, ಯಾರು ತೋಟದ ಯಾವ ಬ್ಲಾಕಿಗೆ ಎಂದು ಕಳಿಸುವುದು ಅವರ ಕೆಲಸ. ಉತ್ತಯ್ಯ ಅವರ ಹತ್ತಿರ ಗೋಣಿಚೀಲ ಕೇಳಲು ಬಂದಿದ್ದರು. ಚಿತ್ರ ಮುಗಿಯುವ ಮೊದಲೇ, ಚೀಲವನ್ನೂ ಕೇಳದೆ, ಹೊರಟುಹೋದರು.

ಸೋಮವಾರ ಬೆಳಿಗ್ಗೆ ಹಾಜರಿ ಮುಗಿದ ಮೇಲೆ ಅವರು ಮುತ್ತಿಯವರನ್ನು ಬದಿಗೆ ಕರೆದರು. ಬೈಯಲಿಲ್ಲ. "ನಾನು ಚೀಲಕ್ಕೆ ಬಂದಿದ್ದೆ, ಪಿಚ್ಚರಿಗಲ್ಲ. ನಾನು ಏನೂ ನೋಡಿಲ್ಲ, ಆಯ್ತಾ? ಆದ್ರೆ ನಾಳೆ ದೊಡ್ಡೋರು ನೋಡಿ ಯಾರಿದು ಅಂತ ಕೇಳಿದ್ರೆ ನಾನು ಕುರುಡ ಅನ್ನೋಕಾಗಲ್ಲ. ಆ ಮನುಷ್ಯನಿಗೆ ಹೇಳಿ ತೆಗಿಸ್ಬಿಡು ಮುತ್ತಿ." ಜಯಪ್ಪ ಇರುವುದೂ ಎಸ್ಟೇಟ್ ಕೊಟ್ಟ ಮನೆಯಲ್ಲೇ.

ಆ ಸಂಜೆ ಪುಟ್ಟರಾಜು ಮುತ್ತಿಯವರಿಗೆ ಫೋನ್ ಮಾಡಿದರು. ತಪ್ಪು ನಂದು, ಈಗಲೇ ತೆಗೆದುಬಿಡುತ್ತೇನೆ ಎಂದರು. ಮೈಸೂರಿನ ಒಂದು ಸಣ್ಣ ಚಿತ್ರೋತ್ಸವದವರು ಚಿತ್ರವನ್ನು ಆರಿಸಿಕೊಂಡಿದ್ದಾರೆ, ತಿಂಗಳ ಕೊನೆಗೆ ಕಳಿಸಬೇಕು ಎಂಬುದನ್ನು ಹೇಳಲಿಲ್ಲ. ಮುತ್ತಿಯವರು ಸುಮ್ಮನೆ ಕೇಳಿಸಿಕೊಂಡು, "ಬುಧವಾರ ಬೆಳಿಗ್ಗೆ ಮೋರಿ ಹತ್ರ ಬಾ. ಅಲ್ಲಿವರೆಗೆ ಎಂತದೂ ಮುಟ್ಬೇಡ," ಎಂದರು.

ಉತ್ತಯ್ಯ ಅವರಿಗೂ ತಮ್ಮ ಕಣದಲ್ಲಿ ಹೀಗಾಯಿತಲ್ಲ ಎಂಬ ಅಳುಕು. "ತೆಗ್ದುಬಿಡು ಪುಟ್ಟರಾಜು. ಪಾಪದವ್ರು. ನಿಂಗೆ ಇನ್ನೊಂದು ಪಿಚ್ಚರ್ ಸಿಗ್ತದೆ, ಅವಳಿಗೆ ಇನ್ನೊಂದು ಕೋಣೆ ಸಿಗ್ತದಾ?" ಎಂದರು. ಹಾಗೆಂದವರು, ಬೇಸರದಲ್ಲೇ, "ಸಣ್ಣ ತೋಟದವ್ರ ಪಾಡೂ ಒಂದ್ಸಲ ತೆಗಿ. ಕುಯ್ಯೋಕೆ ಆಳಿಲ್ದೆ ನನ್ನ ರೋಬಸ್ಟಾ ಕಾಫಿ ಗಿಡದಲ್ಲೇ ಒಣಗ್ತಾ ಉಂಟು," ಎಂದೂ ಸೇರಿಸಿದರು.

"ಮುಂದಿನ ಪಿಚ್ಚರಲ್ಲಿ ನೀವೇ ಕೂತ್ಕಳ್ಳಿ ಉತ್ತಯ್ಯಣ್ಣ."

"ಮುಖ ತೋರಿಸಿಯೇ ಕೂರ್ತೇನೆ. ನನ್ನನ್ನ ಹೊರಗೆ ಹಾಕೋರು ಯಾರು, ಬೋಜಮ್ಮನಾ?" ಎಂದು ನಕ್ಕ ಉತ್ತಯ್ಯ, ನಕ್ಕಷ್ಟೇ ಬೇಗ ಸುಮ್ಮನಾದರು. ತಾವು ಆಡಿದ ಮಾತು ತಮಗೇ ಕೇಳಿಸಿದಂತಿತ್ತು.

*

ಆರೂವರೆಯ ಹೊತ್ತಿಗೆ ದೊಡ್ಡ ಗೇಟಿನ ಪಕ್ಕದ ಸಣ್ಣ ಬಾಗಿಲು ಕಿರುಗುಟ್ಟುತ್ತದೆ. ತಲೆಬಟ್ಟೆ ಕಟ್ಟಿ, ಸ್ವೆಟರಿನ ಮೇಲೆ ಗಂಡಸಿನ ಹಳೇ ಅಂಗಿ ಹಾಕಿ, ಸೊಂಟಕ್ಕೆ ಪಿಕ್ಕಿಂಗ್ ಚೀಲ ಸುತ್ತಿ ಮುತ್ತಿಯವರು ಹೊರಗೆ ಬರುತ್ತಾರೆ. ಅವರ ಹಿಂದೆ ಬೋಜಮ್ಮ. ಅವರ ಹಿಂದೆ ಇನ್ನೂ ಇಬ್ಬರು. ಪುಟ್ಟರಾಜು ಅಷ್ಟು ಜನರನ್ನು ನಿರೀಕ್ಷಿಸಿರಲಿಲ್ಲ. ರಸ್ತೆ ದಾಟಿ ಬಂದವರೇ ಮುತ್ತಿ ಕ್ಯಾಮೆರಾದ ಸುತ್ತ ಒಂದು ಸುತ್ತು ಹಾಕಿ, ಅದರ ಮೂತಿ ಯಾವ ಕಡೆಗಿದೆ ಎಂದು ನೋಡಿಕೊಳ್ಳುತ್ತಾರೆ. ಆಮೇಲೆ ಮೋರಿಕಟ್ಟೆಯ ಮೇಲೆ, ಕ್ಯಾಮೆರಾಕ್ಕೆ ಎದುರಾಗಿ, ಕೂರುತ್ತಾರೆ.

"ಹಾಕು ರಾಜಣ್ಣ."

ಪುಟ್ಟರಾಜು ಗುಂಡಿ ಒತ್ತುವುದಿಲ್ಲ. "ಮುತ್ತಕ್ಕ, ಇನ್ನೊಂದ್ಸಲ ಯೋಚ್ನೆ ಮಾಡಿ. ಪೂರ್ತಿ ತೆಗೆದ್ರೂ ನಂಗೇನಿಲ್ಲ."

"ಸುಳ್ಳು ಹೇಳ್ಬೇಡ. ನಿನ್ ಮುಖ ನೋಡು, ಹಾಲು ಒಡೆದ ಹಾಗುಂಟು."

ಜೊತೆಯವರು ನಗುತ್ತಾರೆ. ಪುಟ್ಟರಾಜು ನಗುವುದಿಲ್ಲ. "ಕೋಣೆ ಕೇಳಿದ್ರೆ? ಎಲ್ಲಿಗ್ ಹೋಗ್ತೀರಾ? ನನ್ನ ಹತ್ರ ಅದ್ಕೆ ಉತ್ರ ಇಲ್ಲ ಮುತ್ತಕ್ಕ. ನಾನು ಪಿಚ್ಚರ್ ತಗಂಡು ಮನೆಗ್ ಹೋಗ್ತೀನಿ. ನೀವು ಇಲ್ಲೇ ಇರೋರು."

ಮುತ್ತಿ ಒಂದು ಕಾಲು ಮುಂದಕ್ಕೆ ಚಾಚುತ್ತಾರೆ. ಕೈ ಮೊಣಕಾಲನ್ನು ಒತ್ತುತ್ತಿರುತ್ತದೆ. "ಈ ಕಾಲು ಇನ್ನೆಷ್ಟು ವರ್ಷ? ಎರಡು? ಮೂರು? ಆಗ ಹೇಗೂ ಕೇಳ್ತಾರೆ. ಪಿಚ್ಚರ್ ಇದ್ರೂ ಕೇಳ್ತಾರೆ, ಇಲ್ದಿದ್ರೂ ಕೇಳ್ತಾರೆ. ಆಗ ನಾನು ಮಾತಾಡಿದ್ರೆ ಕೆಲಸ ಮಾಡೋಕಾಗದವಳು ಅಳ್ತಾಳೆ ಅಂತಾರೆ. ಈಗ ನಾನೇ ಮುಂದಿನ ಸಾಲು. ಈಗ ಹೇಳ್ಬೇಕು."

ಬೋಜಮ್ಮ ಆಗಲೇ ಪಕ್ಕದಲ್ಲಿ ಕೂತಾಗಿದೆ. "ಕಾಫಿ ಹಣ್ಣಾಗಿ ಉದುರ್ತಾ ಉಂಟು. ಈಗ ನಾಲ್ಕು ಜನರನ್ನ ಹೊರಗೆ ಹಾಕಿದ್ರೆ ಕುಯ್ಯೋದು ಯಾರು, ರೈಟ್ರಾ?"

"ಪಿಕ್ಕಿಂಗ್ ಮುಗಿದ್ಮೇಲೆ?" ಎನ್ನುತ್ತಾರೆ ಪುಟ್ಟರಾಜು.

ಹಿಂದೆ ಬಂದ ಇಬ್ಬರಲ್ಲಿ ಒಬ್ಬರು ಬೋಜಮ್ಮ ಅವರ ಪಕ್ಕ ಕೂರುತ್ತಾರೆ. ಇನ್ನೊಬ್ಬರು ಕೂರಲೋ ಬೇಡವೋ ಎಂದು ರಸ್ತೆಯ ಮೇಲೇ ನಿಂತಿದ್ದಾರೆ. ಅವರನ್ನು ಯಾರೂ ಕರೆಯುವುದಿಲ್ಲ. ಒಂದು ಕ್ಷಣ ನಿಂತು, ತಲೆ ತಗ್ಗಿಸಿ, ಗೇಟಿನ ಕಡೆಗೆ ಹಿಂತಿರುಗುತ್ತಾರೆ. "ಅವಳಿಗೆ ಸಣ್ಣ ಮಕ್ಕಳು," ಎಂದು ಮುತ್ತಿ ಮೆಲ್ಲಗೆ ಹೇಳುತ್ತಾರೆ. ಆ ದನಿಯಲ್ಲಿ ದೂರಿಲ್ಲ.

ಆಮೇಲೆ ಪುಟ್ಟರಾಜು ಅವರ ಕಡೆ ತಿರುಗಿ ಕೇಳುತ್ತಾರೆ: "ನಾವು ತೆಗಿ ಅಂದ್ರೆ ತೆಗೀತೀನಿ ಅಂತ ಹೇಳ್ದವ ನೀನಲ್ವಾ? ಹಾಕು ಅಂದ್ರೆ ಯಾಕೆ ಹಾಕೋದಿಲ್ಲ?"

ಇಷ್ಟು ವರ್ಷದ ನೇಮದಲ್ಲಿ ಈ ಅರ್ಧ ಇತ್ತೆಂಬುದು ಪುಟ್ಟರಾಜು ಅವರಿಗೆ ಹೊಳೆದೇ ಇರಲಿಲ್ಲ. ಜನರಿಂದ ಅವರು ಕೇಳಿದ್ದು ಬರೀ 'ಬೇಡ' ಎಂಬುದನ್ನು. ಬಗ್ಗಿ, ಲೆನ್ಸಿನ ಇಬ್ಬನಿ ಒರೆಸುತ್ತಾರೆ. ಗುಂಡಿ ಒತ್ತಿ, ಎಂದಿನಂತೆ ನೆಲದ ಮೇಲೆ ಕೂರುತ್ತಾರೆ.

ಮುತ್ತಿಯವರು ಮಾತು ಶುರು ಮಾಡುವಷ್ಟರಲ್ಲಿ ಗೇಟಿನ ಒಳಗಿನಿಂದ ಬೈಕಿನ ಸದ್ದು. ಜಯಪ್ಪ. ಬೈಕು ಸಣ್ಣ ಬಾಗಿಲಿನ ಹತ್ತಿರ ನಿಲ್ಲುತ್ತದೆ. ಮೂವರು ಹೆಂಗಸರು, ಒಂದು ಕ್ಯಾಮೆರಾ, ನೆಲದ ಮೇಲೆ ಕೂತ ಒಬ್ಬ ಮನುಷ್ಯ, ಎಲ್ಲವನ್ನೂ ಅವರು ನೋಡುತ್ತಾರೆ. ಈ ಸಲ ಏನೂ ನೋಡಿಲ್ಲ ಎನ್ನಲು ನಡುವೆ ಕಾಫಿ ಗುಡ್ಡೆಯೂ ಇಲ್ಲ.

"ಏಳೂವರೆಗೆ ಹಾಜರಿ," ಎನ್ನುತ್ತಾರೆ ಜಯಪ್ಪ ಕೊನೆಗೆ. "ಬೇಗ ಮುಗಿಸ್ಕೊಂಡ್ ಬನ್ನಿ."

"ರೈಟ್ರೇ, ನೀವೂ ಬನ್ನಿ, ಕಟ್ಟೇಲಿ ಜಾಗ ಉಂಟು!" ಎಂದು ಬೋಜಮ್ಮ ಕೂಗುತ್ತಾರೆ. ಜಯಪ್ಪ ಕೈ ಕೊಡವಿ, ಬೈಕು ತಿರುಗಿಸಿ ಒಳಗೆ ಹೋಗುತ್ತಾರೆ. ಅವರು ಯಾರಿಗೆ ಏನು ಹೇಳುತ್ತಾರೋ, ಹೇಳುವುದೇ ಇಲ್ಲವೋ, ಈ ಮೂವರಿಗೆ ಗೊತ್ತಿಲ್ಲ. ಮಾತು ಶುರುವಾಗುತ್ತದೆ.

ಮುತ್ತಿಯವರು ಹಿಂದಿನ ವರ್ಷ ಹೇಳಿದ್ದನ್ನೇ ಹೇಳುತ್ತಾರೆ. ಆದರೆ ಮೊದಲು ತಮ್ಮ ಹೆಸರು ಹೇಳುತ್ತಾರೆ, ಗಂಡನ ಹೆಸರು ಹೇಳುತ್ತಾರೆ, ಲೈನಿನಲ್ಲಿ ಎಷ್ಟನೇ ಬಾಗಿಲು ಎಂಬುದನ್ನೂ ಹೇಳುತ್ತಾರೆ. "ನಾನು ಇಲ್ಲಿ ಇದ್ದೇನೆ ಅಂತ ಬರೆದು ಕೊಡಿ ಅಂದೆ, ಯಾರೂ ಕೊಡ್ಲಿಲ್ಲ. ಈಗ ನಾನೇ ಹೇಳ್ತಿದ್ದೇನೆ. ನಾನು ಇಲ್ಲಿ ಇದ್ದೇನೆ." ಅಷ್ಟು ಹೇಳಿ, ಸರಿಯಾಯಿತಾ ಎನ್ನುವಂತೆ ಪಕ್ಕಕ್ಕೆ ನೋಡುತ್ತಾರೆ. ಬೋಜಮ್ಮ ತಲೆಯಾಡಿಸುತ್ತಾರೆ. ಪುಟ್ಟರಾಜು ಎರಡನೆಯ ಪ್ರಶ್ನೆ ಕೇಳುವುದಿಲ್ಲ. ಮೊದಲನೆಯದನ್ನೂ ಇವತ್ತು ಕೇಳಬೇಕಾಗಿ ಬಂದಿಲ್ಲ.

ಏಳು ಗಂಟೆ ದಾಟಿದ ಮೇಲೆ ಮೂವರೂ ಎದ್ದು ರಸ್ತೆ ದಾಟುತ್ತಾರೆ. ಮುತ್ತಿಯವರು ಮುಂದೆ, ಇಬ್ಬರು ಹಿಂದೆ. ಮುತ್ತಿಯವರ ಹೆಸರನ್ನು ಇಲ್ಲಿ ಬರೆದಿರುವುದು ಅವರೇ "ಬರೀರಿ" ಎಂದ ಮೇಲೆ. ಎಸ್ಟೇಟಿನ ಹೆಸರನ್ನು ಬರೆಯಬೇಡಿ ಎಂದದ್ದೂ ಅವರೇ: "ನಮ್ಮಲ್ಲಿ ಮಾತ್ರವಾ ಹೀಗೆ? ಒಬ್ಬರ ಹೆಸರು ಹಾಕಿದ್ರೆ ಉಳಿದವ್ರು ತಾವು ಒಳ್ಳೆಯವ್ರು ಅಂದ್ಕೊಳ್ತಾರೆ."

ಸಾಮಾನು ಕಟ್ಟಿ, ಕುಟ್ಟದ ಪೇಟೆಯ ಒಂದು ಹೋಟೆಲಿನಲ್ಲಿ ಪುಟ್ಟರಾಜು ಚಹಾ ಹಿಡಿದು ಕೂರುತ್ತಾರೆ. ಕುಶಾಲನಗರದಲ್ಲಿ ಸಂಜೆ ಒಂದು ನಿಶ್ಚಿತಾರ್ಥ ಇದೆ, ಬೇಗ ಹೊರಡಬೇಕು. ವೀಣಾ ಅವರ ಫೋನ್ ಬರುತ್ತದೆ. ಏನಂದ್ರು ಎಂದು ಕೇಳಿರಬೇಕು. "ಹಾಕು ಅಂದ್ರು," ಎಂದಷ್ಟೇ ಹೇಳಿ ಸುಮ್ಮನೆ ಕೇಳಿಸಿಕೊಳ್ಳುತ್ತಾರೆ. ಆ ಕಡೆಯ ಮಾತು ಬಹಳ ಹೊತ್ತು ನಡೆಯುತ್ತದೆ.

ಮೈಸೂರಿನಲ್ಲಿ ಚಿತ್ರಕ್ಕೆ ಬಹುಮಾನ ಬರಬಹುದೇ, ಎಂದರೆ ಅವರಿಗೆ ಅದರಲ್ಲಿ ಆಸಕ್ತಿ ಕಾಣುವುದಿಲ್ಲ. ಲೋಟ ಕೆಳಗಿಟ್ಟು, ತಮಗೆ ತಾವೇ ಹೇಳಿಕೊಳ್ಳುವವರಂತೆ ಹೇಳುತ್ತಾರೆ:

"ಮುಂದಿನ ವರ್ಷ ಪಿಕ್ಕಿಂಗ್ ಟೈಮಲ್ಲಿ ಬಂದು ಮುತ್ತಕ್ಕ ಎಲ್ಲವ್ರೆ ಅಂತ ಕೇಳ್ತೀನಿ. ಅದೇ ಬಾಗ್ಲಲ್ಲಿ ಸಿಕ್ರೆ, ಸದ್ಯ, ನನ್ನಿಂದ ಏನೂ ಕೆಟ್ಟದಾಗ್ಲಿಲ್ಲ ಅನ್ಕತೀನಿ. ಅವ್ರದ್ದೇ ಸ್ವಂತ ಮನೆ ಬಾಗ್ಲಲ್ಲಿ ಸಿಕ್ಬಿಟ್ರೆ ಮಾತ್ರ..." ಎಂದು ನಿಲ್ಲಿಸಿ, ಮೊದಲ ಸಲ ಬಾಯಿತುಂಬ ನಗುತ್ತಾರೆ. "ಕ್ಯಾಮೆರಾ ಗೇಟಿನ ಈಚೆ ಇಡೋ ಹಂಗಿಲ್ಲ ಆಗ. 'ಬಾ ಒಳಗೆ' ಅಂತಾರೆ."